ಕರಾರು ರದ್ದಾಗಿ ವರ್ಷ ದಾಟ್ತು, ಐದು ತಿಂಗಳ ಬಿಲ್ ಹಂಗೇ ಅದ. ಯಾವ ಕೋರ್ಟಿಗೆ ಹೋಗ್ಲಿ? (ರಾಯಚೂರು)

ಬಿಸಿಲೂರು ಏಜೆನ್ಸಿ
ಎಲ್ಲರಿಗೂ ನಮಸ್ಕಾರ್ರಿ. ಉದ್ದ ಆಗ್ತದ, ಪುರುಸೊತ್ತಿದ್ದೋರು ಓದ್ರಿ.

ನಂದು ರಾಯಚೂರಾಗ ಸಣ್ಣ ಹೊರಗುತ್ತಿಗೆ ಏಜೆನ್ಸಿ. ಜಿಲ್ಲೆಯ ಒಂದು ಸರ್ಕಾರಿ ಕಚೇರಿಗೆ 38 ಮಂದಿ ಕೊಟ್ಟಿದ್ದೆ. ಡೇಟಾ ಎಂಟ್ರಿಯವರು, ಡಿ ಗ್ರೂಪ್‌ನವರು, ಇಬ್ಬರು ಡ್ರೈವರ್. ಕಚೇರಿ ಹೆಸರು ಬ್ಯಾಡ. 2023ರ ಜುಲೈ 1ರಿಂದ ಒಂದು ವರ್ಷದ ಕಾರ್ಯಾದೇಶ. ಅದು ಮುಗಿದ ಮ್ಯಾಲ ಸೆಪ್ಟೆಂಬರ್ ತನಕ ಮುಂದುವರಿಸೀವಿ ಅಂತ ಒಂದು ಪತ್ರ ಕೊಟ್ರು. ಅಕ್ಟೋಬರ್‌ದಾಗ ಕೇಳಿದ್ರ, "ಹೊಸ ಟೆಂಡರ್ ಫೈಲ್ ಬೆಂಗಳೂರಿಗೆ ಹೋಗ್ಯದ, ಹುಡುಗರನ್ನ ಮಾತ್ರ ತೆಗೀಬ್ಯಾಡ್ರಿ, ಕಚೇರಿ ನಿಂತೇ ಹೋಗ್ತದ" ಅಂದ್ರು. ಎಲ್ಲಾ ಬಾಯಿಮಾತು. ನಂಬಿದೆ.

2025ರ ಜನವರಿ 2ಕ್ಕ ಒಂದು ಪುಟದ ಪತ್ರ ಬಂತು. ಸೇವೆ ತೃಪ್ತಿಕರವಾಗಿಲ್ಲ, ಕರಾರು ತಕ್ಷಣದಿಂದ ರದ್ದು, ಸಂಸ್ಥೆಯನ್ನು ಕಪ್ಪು ಪಟ್ಟಿಗೆ ಸೇರಿಸಲಾಗಿದೆ. ಅದಕ್ಕಿಂತ ಮೊದ್ಲು ಒಂದು ನೋಟಿಸಿಲ್ಲ, ಒಂದು ಮೆಮೊ ಇಲ್ಲ. ಮುಂದಿನ ವಾರ ಅದೇ ಹುಡುಗರು ಅದೇ ಕುರ್ಚಿ ಮ್ಯಾಲ ಬ್ಯಾರೆ ಏಜೆನ್ಸಿ ಹೆಸರಿನಾಗ ಕುಂತಿದ್ರು!

2024ರ ಆಗಸ್ಟಿನಿಂದ ಡಿಸೆಂಬರ್ ತನಕ ಐದು ತಿಂಗಳ ಬಿಲ್ ಬಾಕಿ, ಒಟ್ಟು 39 ಲಕ್ಷ 68 ಸಾವಿರ. ಒಂದು ವರ್ಷ ಆ ಕಚೇರಿ ಮೆಟ್ಟಿಲು ಹತ್ತಿ ಇಳಿದು ಚಪ್ಪಲಿ ಸವೆದ್ವು. "ಅನುದಾನ ಇಲ್ಲ", "ಸಾಹೇಬ್ರು ಮೀಟಿಂಗ್‌ನಾಗ ಅದಾರ", "ಮಾರ್ಚ್ ಆಗ್ಲಿ". ರದ್ದು ಮಾಡಿದ್ದನ್ನೂ ಬಿಡಬಾರದು, ರೊಕ್ಕಾನೂ ಬರಬೇಕು, ಕಪ್ಪು ಪಟ್ಟಿಯಿಂದಲೂ ಹೆಸರು ತೆಗಿಸಬೇಕು. ಎಲ್ಲಾ ಸೇರಿಸಿ ಹೈಕೋರ್ಟಿಗೆ ಒಂದೇ ಕೇಸ್ ಹಾಕ್ಲೇನು?

ತೀನ್ ಕಂದೀಲ್
ಅಣ್ಣಾರ, ಬಾಯಿಮಾತಿನ ಮ್ಯಾಲ ಮೂರು ತಿಂಗಳು 38 ಮಂದಿ ಕೊಟ್ರಂದ್ರ ನಿಮ್ಮ ಧೈರ್ಯಕ್ಕ ದೊಡ್ಡ ನಮಸ್ಕಾರ. ನಮ್ಮ ಓಣಿ ಕಿರಾಣಿ ಅಂಗಡಿಯವ ಮೂರು ದಿನ ಉದ್ರಿ ಕೊಡಲ್ಲ.

ಲೆಕ್ಕದ ಹುಡುಗ, ಸಿಂಧನೂರು
ಬಿಲ್ ಹೆಂಗ ಮಾಡಿದ್ರಿ? ತಲೆಗೆ ಎಷ್ಟು, ಸೇವಾ ಶುಲ್ಕ ಎಷ್ಟು? ಅದು ಗೊತ್ತಾಗದೆ ಕೇಸಿನ ಮಾತು ಬ್ಯಾಡ.

ಬಿಸಿಲೂರು ಏಜೆನ್ಸಿ
ಸರಾಸರಿ ಹೇಳ್ತೀನಿ. ಒಬ್ಬರಿಗೆ ವೇತನ 15,000. ಮಾಲೀಕನ ಪಾಲಿನ ಪಿಎಫ್ ಆಡಳಿತ ಶುಲ್ಕ ಸೇರಿ ಶೇ 13, ಅಂದ್ರ 1,950. ಇಎಸ್‌ಐ ಶೇ 3.25, 487 ರೂಪಾಯಿ 50 ಪೈಸೆ. ಒಬ್ಬರಿಗೆ 17,437.50, 38 ಮಂದಿಗೆ 6,62,625. ಇದರ ಮ್ಯಾಲ ನನ್ನ ಸೇವಾ ಶುಲ್ಕ ಶೇ 1.5. ತಿಂಗಳಿಗೆ 9,939 ರೂಪಾಯಿ. ಹೌದ್ರಿ, ಸರಿಯಾಗೇ ಓದೀರಿ, ಹತ್ತು ಸಾವಿರನೂ ಇಲ್ಲ. ಅದರ ಮ್ಯಾಲ ಶೇ 18 ಜಿಎಸ್‌ಟಿ. ಒಂದು ತಿಂಗಳ ಬಿಲ್ 7,93,626.

ಲೆಕ್ಕದ ಹುಡುಗ, ಸಿಂಧನೂರು
ಐದು ತಿಂಗಳಿಗೆ ನಿಮಗೆ ಉಳಿಯೋದು 49,700. ಅದನ್ನ ದುಡಿಯಾಕ ನೀವು ಸರ್ಕಾರಕ್ಕ 39 ಲಕ್ಷ ಕೈಸಾಲ ಕೊಟ್ಟಂಗಾತು. ಮ್ಯಾಲಿಂದ ಇನ್‌ವಾಯ್ಸ್ ಹರಿದ ಮರುತಿಂಗಳೇ ಜಿಎಸ್‌ಟಿ ಕಟ್ಟಬೇಕು, ಕಚೇರಿ ರೊಕ್ಕ ಕೊಡ್ಲಿ ಬಿಡ್ಲಿ. ತಿಂಗಳಿಗೆ 1,21,061. ಇಷ್ಟು ಕಮ್ಮಿ ಶುಲ್ಕ ಹಾಕಿ ಟೆಂಡರ್ ಹಿಡಿಯೋರು ಬಿಲ್ ಟೈಮಿಗೆ ಬರ್ತದ ಅಂತ ಹಿಡೀತಾರ. ಒಂದು ತಿಂಗಳು ತಡ ಆದ್ರ ಸಾಲದ ಬಡ್ಡಿನೇ ಶುಲ್ಕ ನುಂಗ್ತದ.

ಬಳ್ಳಾರಿ ಬೊಲೆರೊ
ನಾನು ಒಂದು ಕಚೇರಿಗೆ ಗಾಡಿ ಬಾಡಿಗೆಗೆ ಬಿಟ್ಟಿದ್ದೆ. ನಮ್ದೂ ಇದೇ ತರ ಮಧ್ಯದಾಗೆ ಕಟ್. ರದ್ದು ಮಾಡಿದ್ದೇ ತಪ್ಪು ಅಂತ ಧಾರವಾಡಕ್ಕೆ ಹೋದೆ. ತಾರೀಖು ಮೇಲೆ ತಾರೀಖು. ಕೊನೆಗೆ ನಮ್ ಕೇಸ್ ಕರೆಯೋ ಹೊತ್ತಿಗೆ ಟೆಂಡರ್ ಅವಧಿನೇ ಮುಗಿದಿತ್ತು. "ಈಗ ಏನು ಉಳಿದಿದೆ?" ಅಂತ ಕೇಳಿದ್ರು. ಏನೂ ಉಳಿದಿರಲಿಲ್ಲ. ಬಾಡಿಗೆ ಬಾಕಿ ಬೇರೆ ಕೇಳ್ಕೊಳ್ಳಿ ಅಂದ್ರು, ಅಷ್ಟೊತ್ತಿಗೆ ಅದಕ್ಕೆ ಕೇಸ್ ಹಾಕೋ ವಾಯಿದೆನೂ ದಾಟೋಗಿತ್ತು. ಸಿಟ್ಟಿನಾಗೆ ಕೇಸ್ ಹಾಕಬೇಡಿ ಬ್ರದರ್.

ಕರಿಕೋಟು ಕಲಬುರಗಿ
ನಾನು ವಕೀಲ. ಕಾಗದ ನೋಡದೆ ಸಲಹೆ ಕೊಡುವುದು ಕೈ ನೋಡದೆ ಜಾತಕ ಹೇಳಿದ ಹಾಗೆ, ಆದರೂ ಬಳ್ಳಾರಿಯವರ ಅನುಭವ ಓದಿದ ಮೇಲೆ ಸುಮ್ಮನಿರಲು ಆಗಲಿಲ್ಲ.

ನಿಮ್ಮದು ಒಂದು ಜಗಳವಲ್ಲ, ಮೂರು. ಒಂದೇ ಅರ್ಜಿಗೆ ಗಂಟು ಹಾಕಿದರೆ ಮೂರೂ ಒಟ್ಟಿಗೆ ಮುಳುಗುತ್ತವೆ.

ಮೊದಲು ರದ್ದತಿ. ನಿಮ್ಮ ಕರಾರಿನಲ್ಲಿ "30 ದಿನದ ನೋಟಿಸ್ ನೀಡಿ ಯಾವ ಕಾರಣವನ್ನೂ ಕೊಡದೆ ಕೊನೆಗೊಳಿಸಬಹುದು" ಎಂಬ ಷರತ್ತು ಇರಲೇಬೇಕು, ಬಹುತೇಕ ಎಲ್ಲದರಲ್ಲೂ ಇರುತ್ತದೆ. ಅಂಥ ಕರಾರನ್ನು ಮತ್ತೆ ಜಾರಿ ಮಾಡಿಸಲು ನಿರ್ದಿಷ್ಟ ಪರಿಹಾರ ಕಾಯ್ದೆಯ ಕಲಂ 14 ಅಡ್ಡ ಬರುತ್ತದೆ. 1990ರಲ್ಲಿ ಇಂಡಿಯನ್ ಆಯಿಲ್ ವಿರುದ್ಧದ ಅಮೃತಸರ ಗ್ಯಾಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ರದ್ದು ತಪ್ಪೆಂದು ಕಂಡರೂ ಆ 30 ದಿನದ ನಷ್ಟವನ್ನಷ್ಟೇ ಕೊಡಿಸಿತು. ಕಥೆಯ ಇನ್ನೊಂದು ಬದಿಯೂ ಇದೆ: 2024ರ ಜುಲೈನಲ್ಲಿ ಸುಬೋಧ್ ಕುಮಾರ್ ಸಿಂಗ್ ರಾಠೋರ್ ಪ್ರಕರಣದಲ್ಲಿ ಕೋಲ್ಕತ್ತಾದ ಪ್ರಾಧಿಕಾರವೊಂದು ಮನಸ್ಸಿಗೆ ಬಂದಂತೆ ಟೆಂಡರ್ ರದ್ದು ಮಾಡಿದ್ದನ್ನು ಸುಪ್ರೀಂ ಕೋರ್ಟ್ ಹೊಡೆದುಹಾಕಿತು. ಆದರೆ ಅಲ್ಲಿ ಅವಧಿ ವರ್ಷಗಟ್ಟಲೆ ಬಾಕಿ ಇತ್ತು. ನಿಮಗೆ ಬಾಕಿ ಇರುವುದೇನು? ಸೆಪ್ಟೆಂಬರ್‌ಗೇ ಕಾಗದ ಮುಗಿದಿದೆ. ರದ್ದತಿಯ ಬೆನ್ನು ಬಿಡಿ.

ಎರಡನೆಯದು ಕಪ್ಪು ಪಟ್ಟಿ. ಇದರಲ್ಲಿ ನೀವು ಗಟ್ಟಿ. ಹೇಳಿಕೆ ಕೇಳದೆ ಯಾರನ್ನೂ ಕಪ್ಪು ಪಟ್ಟಿಗೆ ಹಾಕುವಂತಿಲ್ಲ ಎಂದು 1974ರ ಎರೂಸಿಯನ್ ತೀರ್ಪಿನಿಂದ ಕಾನೂನು ನಿಂತಿದೆ. 2014ರಲ್ಲಿ ಗೂರ್ಖಾ ಸೆಕ್ಯೂರಿಟಿ ಪ್ರಕರಣದಲ್ಲಿ ಇನ್ನೊಂದು ಹೆಜ್ಜೆ ಮುಂದೆ ಹೋಗಿ, "ಕಪ್ಪು ಪಟ್ಟಿಗೆ ಸೇರಿಸುವ ಉದ್ದೇಶವಿದೆ" ಎಂಬುದು ನೋಟಿಸಿನಲ್ಲೇ ಗೊತ್ತಾಗಬೇಕು ಎಂದರು. ನಿಮಗೆ ನೋಟಿಸೇ ಇಲ್ಲ. ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗೆ ರಿಟ್ ಅರ್ಜಿ ಹಾಕಿ, ಇದೊಂದನ್ನೇ ಕೇಳಿ. ಒಂದು ವರ್ಷ ಸುಮ್ಮನೆ ಕೂತದ್ದಕ್ಕೆ ನ್ಯಾಯಮೂರ್ತಿಗಳು ಬೈಯಬಹುದು, ಬೈಸಿಕೊಳ್ಳಿ.

ಮೂರನೆಯದು ಬಾಕಿ ಹಣ. ರಿಟ್‌ನಲ್ಲಿ ಹಣ ಕೇಳಿದರೆ ಸಾಮಾನ್ಯವಾಗಿ ಸಿಗುವುದು "ಮನವಿಯನ್ನು ಎಂಟು ವಾರದೊಳಗೆ ಪರಿಗಣಿಸಿ" ಎಂಬ ಆದೇಶ. ಕಚೇರಿ ಪರಿಗಣಿಸಿ "ಅನುದಾನ ಲಭ್ಯವಿಲ್ಲ" ಎಂದು ಹಿಂಬರಹ ಕೊಡುತ್ತದೆ. ಆದೇಶ ಪಾಲನೆಯೂ ಆಯಿತು, ನಿಮ್ಮ ಜೇಬೂ ಖಾಲಿ. ಹಣಕ್ಕೆ ಬೇರೆ ದಾರಿ. ಕೆಲಸ ಮಾಡಿದ ದಿನದಿಂದ ಮೂರು ವರ್ಷ ವಾಯಿದೆ. ಆಗಸ್ಟ್ 2024ರ ಬಿಲ್‌ಗೆ ಈಗಾಗಲೇ ಗಡಿಯಾರ ಓಡುತ್ತಿದೆ. ನೀವು ಕೊಟ್ಟ ಹತ್ತು ಜ್ಞಾಪನಾ ಪತ್ರಗಳಿಂದ ಅದು ನಿಲ್ಲುವುದಿಲ್ಲ. ಬಾಕಿ ಇದೆ ಎಂದು ಅವರು ಬರೆದು ಸಹಿ ಮಾಡಿದರೆ ಮಾತ್ರ ಹೊಸದಾಗಿ ಎಣಿಕೆ.

ಕೊಪ್ಪಳದ ಕಾಕಾ
ವಕೀಲರು ಛಲೋ ಹೇಳ್ಯಾರ. ಒಂದು ಮಾತು ಸೇರಸ್ತೀನಿ, ರಾಯಚೂರಿನವ್ರು ಕಲಬುರಗಿ ಪೀಠಕ್ಕ ಹೋಗ್ಬೇಕು, ನಾವು ಕೊಪ್ಪಳ, ಬಳ್ಳಾರಿಯವ್ರು ಧಾರವಾಡಕ್ಕ. 1997ರ ತನಕ ನಾವೂ ರಾಯಚೂರು ಜಿಲ್ಲಾದಾಗೇ ಇದ್ವಿ. ನಮ್ಮ ಕಡೆ ಒಬ್ರು ಸಿಂಧನೂರಿನ ಕಚೇರಿ ಮ್ಯಾಲಿನ ಕೇಸ್ ಧಾರವಾಡದಾಗ ಹಾಕಾಕ ಹೋಗಿ ವಾಪಸ್ ಬಂದಾರ. ಬಸ್ ಚಾರ್ಜ್ ದಂಡ.

ಡೇಟಾ ಎಂಟ್ರಿ ಅಕ್ಕ
ನಾನು ಇದೇ ಕಚೇರ್ಯಾಗ ಇದ್ದೀನಿ, ಈ ಅಣ್ಣಾರ ಏಜೆನ್ಸಿ ಮ್ಯಾಲೇ ಬಂದಾಕಿ. ಎಲ್ಲರೂ ಅಯ್ಯೋ ಪಾಪ ಅನ್ನಾಕತ್ತೀರಿ. ನಮ್ಮದೂ ಒಂದೀಟು ಕೇಳ್ರಿ.

2024ರ ಡಿಸೆಂಬರ್ ಪಗಾರ ಇವತ್ತಿನ ತನಕ ಬಂದಿಲ್ಲ. ಪಿಎಫ್ ಪಾಸ್‌ಬುಕ್ ತೆಗೆದು ನೋಡಿದ್ರ ಅಕ್ಟೋಬರ್ ಆದ ಮ್ಯಾಲ ಸೀದಾ ಜನವರಿ ಅದ, ಅದೂ ಹೊಸ ಏಜೆನ್ಸಿ ಹೆಸರಿನಾಗ. ನಡುವಿನ ಎರಡು ತಿಂಗಳು ಮಾಯ. ನವೆಂಬರ್ ಪಗಾರದಾಗ 1,800 ಹಿಡಕೊಂಡಾರ, ಸ್ಲಿಪ್ ನನ್ನ ಹತ್ರ ಅದ. ಹಿಡಿದ ರೊಕ್ಕ ಎಲ್ಲಿ ಹೋತು ಅಣ್ಣಾರ?

ಏಜೆನ್ಸಿ ಬದಲಾದಾಗ ನಮ್ಮನ್ನ ಒಬ್ಬರೂ ಕೇಳಿಲ್ಲ. ಬುಧವಾರ ಹೋದ್ರ ಹಾಜರಿ ಪುಸ್ತಕದ ರಟ್ಟು ಬದಲಾಗಿತ್ತು. ಅಷ್ಟೇ. ಒಳಗ ಅದೇ ಹೆಸರುಗಳು.

ಬಿಸಿಲೂರು ಏಜೆನ್ಸಿ
ಅಕ್ಕಾರ, ನೀವು ಯಾರಂತ ತಿಳೀತು. ಸುಳ್ಳು ಹೇಳಲ್ಲ. ನವೆಂಬರ್ ತನಕ ಪಗಾರ ಮನ್ಯಾಗಿನ ಬಂಗಾರ ಇಟ್ಟು ಕೊಟ್ಟೀನಿ. ಪಿಎಫ್ ಎರಡು ತಿಂಗಳದ್ದು ಕಟ್ಟಾಕ ಆಗಿಲ್ಲ. ಡಿಸೆಂಬರ್ ಬಿಲ್ ಬರ್ತದ, ಅದರಾಗ ಎಲ್ಲಾ ಚುಕ್ತಾ ಮಾಡ್ತೀನಿ ಅಂದ್ಕೊಂಡಿದ್ದೆ. ಜನವರಿಗೆ ಈ ಪತ್ರ ಬಂತು. ತಪ್ಪು ನಂದೇ.

ಲೆಕ್ಕದ ಹುಡುಗ, ಸಿಂಧನೂರು
ತಪ್ಪು ಅಂದ್ರ ಬರೀ ತಪ್ಪಲ್ಲ ಅಣ್ಣಾರ. ಮಾಲೀಕನ ಪಾಲು ತಡ ಆದ್ರ ದಂಡ, ಬಡ್ಡಿ. ಕೆಲಸಗಾರರ ಪಗಾರದಿಂದ ಹಿಡಿದದ್ದು ಕಟ್ಟದಿದ್ರ ಅದು ನಂಬಿಕೆ ದ್ರೋಹ, ಕ್ರಿಮಿನಲ್. "ಸರ್ಕಾರ ನನಗ ಬಿಲ್ ಕೊಟ್ಟಿಲ್ಲ" ಅನ್ನೋದು ಪಿಎಫ್ ಆಫೀಸಿನಾಗ ನಡೆಯಲ್ಲ. ವಾರ್ಷಿಕ ಬಡ್ಡಿ ಶೇ 12, ಅದರ ಮ್ಯಾಲ ತಿಂಗಳಿಗೆ ಶೇ 1ರಂತೆ ದಂಡ. ಮ್ಯಾಲ ಇನ್ನೊಂದು ಪೆಟ್ಟು: ಕೆಲಸಗಾರರ ಪಾಲು ಗಡುವು ದಾಟಿ ಕಟ್ಟಿದ್ರ ಅದನ್ನ ಆದಾಯ ತೆರಿಗೆದಾಗ ಖರ್ಚಂತ ತೋರಿಸಂಗಿಲ್ಲ ಅಂತ ಸುಪ್ರೀಂ ಕೋರ್ಟ್ 2022ರಾಗ ಹೇಳ್ಯದ. ನಿಮ್ಮ ಎರಡು ತಿಂಗಳದ್ದು ಅಸಲೇ 2,85,000 ಆಗ್ತದ. ಮೊದ್ಲು ಇದು. ವಕೀಲರ ಫೀಜು ಆಮ್ಯಾಲ.

ಕರಿಕೋಟು ಕಲಬುರಗಿ
ಡೇಟಾ ಎಂಟ್ರಿ ಅಕ್ಕನವರಿಗೆ: ನಿಮ್ಮ ಡಿಸೆಂಬರ್ ವೇತನಕ್ಕೆ ಏಜೆನ್ಸಿಯ ದಾರಿ ಕಾಯಬೇಕಿಲ್ಲ. 1970ರ ಗುತ್ತಿಗೆ ಕಾರ್ಮಿಕ ಕಾಯ್ದೆಯ ಕಲಂ 21(4)ರ ಪ್ರಕಾರ ಗುತ್ತಿಗೆದಾರ ವೇತನ ಕೊಡದಿದ್ದರೆ ಮೂಲ ಉದ್ಯೋಗದಾತ, ಅಂದರೆ ನೀವು ಕೂತಿರುವ ಕಚೇರಿಯೇ, ಕೊಟ್ಟು ಆಮೇಲೆ ಗುತ್ತಿಗೆದಾರನ ಬಿಲ್‌ನಲ್ಲಿ ಕಳೆದುಕೊಳ್ಳಬೇಕು. 2025ರ ನವೆಂಬರ್ 21ರಿಂದ ಅದರ ಜಾಗಕ್ಕೆ ಹೊಸ ಕಾರ್ಮಿಕ ಸಂಹಿತೆಗಳು ಬಂದಿವೆ, ಆದರೆ ನಿಮ್ಮದು 2024ರ ಕೆಲಸ. 38 ಜನ ಸೇರಿ ಕಾರ್ಮಿಕ ಇಲಾಖೆಗೆ ಒಂದು ಅರ್ಜಿ ಕೊಡಿ. ಏಜೆನ್ಸಿಯವರಿಗೂ ಇದರಿಂದ ಲಾಭವಿದೆ: ಡಿಸೆಂಬರ್‌ನಲ್ಲಿ 38 ಜನ ದುಡಿದರು ಎಂದು ಕಚೇರಿ ಒಪ್ಪಿದರೆ ಆ ತಿಂಗಳ ಬಿಲ್ ಇಲ್ಲ ಎನ್ನಲು ಬಾಯಿ ಇರುವುದಿಲ್ಲ.

ಡೇಟಾ ಎಂಟ್ರಿ ಅಕ್ಕ
ಅಂದ್ರ ನಾವು ಅರ್ಜಿ ಕೊಡಬೇಕು, ಇವರ ಬಿಲ್ ಪಾಸ್ ಆಗಬೇಕು. ಆಮ್ಯಾಲ ನಾವು ಅದೇ ಸಾಹೇಬ್ರ ಮುಂದ ದಿನಾ ಕುಂದ್ರಬೇಕು. ಹೊಸ ಏಜೆನ್ಸಿಯವರು ಮರುದಿನ ನಮ್ಮನ್ನ ತೆಗೆದ್ರ ನೀವು ಬರ್ತೀರೇನ್ರಿ ಸರ?

ಕರಿಕೋಟು ಕಲಬುರಗಿ
ಪ್ರಶ್ನೆ ಸರಿಯಾಗಿದೆ. ಖಾತ್ರಿ ಕೊಡಲಾರೆ. ಒಬ್ಬರ ಹೆಸರಿನಲ್ಲಿ ಕೊಡಬೇಡಿ, ಎಲ್ಲರ ಸಹಿ ಇರಲಿ ಅಥವಾ ಸಂಘದ ಮೂಲಕ ಹೋಗಲಿ. ಅಷ್ಟು ಮಾತ್ರ ಹೇಳಬಲ್ಲೆ.

ನಿವೃತ್ತ ಗುಮಾಸ್ತ
ನಾನು 34 ವರ್ಷ ಕಡತ ಹೊತ್ತವ, ಅರ್ಧ ಆಯುಷ್ಯ ಟಪಾಲು ಶಾಖೆಯೊಳಗ. ಬಿಲ್ ಯಾಕ ನಿಂತದ ಅಂತ ಹೊರಗಿನವರಿಗೆ ತಿಳಿಯಲ್ಲ, ಹೇಳ್ತೀನಿ.

ಆಗಸ್ಟ್, ಸೆಪ್ಟೆಂಬರ್ ಬಿಲ್ ಅನುದಾನ ಇಲ್ಲದೆ ನಿಂತಿರಬೇಕು. ಹೊರಗುತ್ತಿಗೆ ಲೆಕ್ಕ ಶೀರ್ಷಿಕೆಗೆ ಕಂತಿನ ಮ್ಯಾಲ ರೊಕ್ಕ ಬರ್ತದ, ಮಾರ್ಚ್ 31 ದಾಟಿತಂದ್ರ ಉಳಿದದ್ದು ವಾಪಸ್. ಅದು ಬಗೆಹರಿಯೋ ರೋಗ. ಅಕ್ಟೋಬರ್‌ನಿಂದ ಡಿಸೆಂಬರ್‌ದು ಬ್ಯಾರೆ ರೋಗ. ಆ ಮೂರು ತಿಂಗಳಿಗೆ ಆದೇಶನೇ ಇಲ್ಲ. ಸರ್ಕಾರಿ ಖರೀದಿಯ ಪಾರದರ್ಶಕ ಕಾಯ್ದೆ 1999ರದ್ದು, ಟೆಂಡರ್ ಇಲ್ಲದೆ ಮುಂದುವರಿಸಬೇಕಂದ್ರ 4(ಜಿ) ವಿನಾಯಿತಿ ಬೇಕು. ಬಾಯಲ್ಲಿ ಹೇಳಿದ ಸಾಹೇಬ್ರು ವರ್ಗ ಆಗಿರ್ತಾರ. ಹೊಸಬರು ಸಹಿ ಹಾಕಿದ್ರ ನಾಳೆ ಆಡಿಟ್ ಆಕ್ಷೇಪ ಅವರ ಹೆಸರಿಗೆ. ಘಟನೋತ್ತರ ಅನುಮೋದನೆ, ಅಂದ್ರ ಕೆಲಸ ಆದ ಮ್ಯಾಲಿನ ಒಪ್ಪಿಗೆ, ತರ್ರಿ ಅಂತಾರ, ತರೋರು ಯಾರು? ಹಿಂಗಾಗಿ ಒಂದೇ ಕಡತದಾಗ ಐದೂ ಬಿಲ್ ಇದ್ರ ರೋಗ ಇಲ್ಲದ ಎರಡೂ ಸಾಯ್ತಾವ. ಎರಡು ತಿಂಗಳದ್ದು ಬ್ಯಾರೆ ಪತ್ರ, ಮೂರು ತಿಂಗಳದ್ದು ಬ್ಯಾರೆ ಪತ್ರ ಮಾಡ್ರಿ. ಟಪಾಲಿನಾಗ ಕೊಟ್ಟು ಸ್ವೀಕೃತಿ ಸೀಲ್ ಹಾಕಿಸ್ರಿ, ಕೇಸ್ ವರ್ಕರ್ ಕೈಗೆ ಕೊಡಬ್ಯಾಡ್ರಿ.

ಇನ್ನೊಂದು. ಆ ರದ್ದು ಪತ್ರದ ತಲೆ ಮ್ಯಾಲ "ಉಲ್ಲೇಖ" ಅಂತ ಇರ್ತದಲ್ಲ, ಅದನ್ನ ಇದ್ದಂಗೇ ಟೈಪ್ ಮಾಡಿ ಹಾಕ್ರಿ. ಎಲ್ಲರೂ ಪತ್ರದ ಹೊಟ್ಟಿ ಓದ್ತಾರ, ತಲೆ ಓದಲ್ಲ.

ಬಿಸಿಲೂರು ಏಜೆನ್ಸಿ
ಹಾಕೀನಿ ನೋಡ್ರಿ.
ಉಲ್ಲೇಖ: 1. ಈ ಕಚೇರಿಯ ಕಾರ್ಯಾದೇಶ. 2. ಮುಂದುವರಿಕೆ ಪತ್ರ. 3. ಶಾಖಾ ಮುಖ್ಯಸ್ಥರಿಂದ ಸ್ವೀಕೃತವಾದ ಡಿಸೆಂಬರ್-2024ರ ಮಾಹೆಯ ಹಾಜರಾತಿ ದೃಢೀಕರಣ.

ನಿವೃತ್ತ ಗುಮಾಸ್ತ
ಹಾ! ಮೂರನೇ ಸಾಲು. ಟಿಪ್ಪಣಿ ಬರೆದ ಹುಡುಗ ಹಳೇ ಪತ್ರ ಕಾಪಿ ಹೊಡೆದು ಉಲ್ಲೇಖ ತುಂಬ್ಯಾನ. ಸೆಪ್ಟೆಂಬರ್‌ಗೆ ಕರಾರು ಮುಗಿದಿದ್ರ ಡಿಸೆಂಬರ್ ಹಾಜರಿ ಯಾರದು? ಜನವರಿ 2ಕ್ಕ ರದ್ದು ಮಾಡಿದ್ದು ಯಾವ ಕರಾರು? ಇಲ್ಲದ ಕೂಸಿಗೆ ಶ್ರಾದ್ಧ ಮಾಡ್ತಾರೇನು? ಆ ಪತ್ರ ಒಂದು ವರ್ಷದಿಂದ ನಿಮ್ಮ ವೈರಿ ಅಂತ ತಿಳ್ಕೊಂಡು ಕಪಾಟಿನಾಗ ಇಟ್ಟೀರಿ.

ಕರಿಕೋಟು ಕಲಬುರಗಿ
ಗುಮಾಸ್ತರಿಗೆ ನಮಸ್ಕಾರ. ನಾನು ಇದನ್ನು ಕೇಳಬೇಕಿತ್ತು.

ಕಾನೂನಿನ ಮಾತಿನಲ್ಲಿ ಹೇಳುವುದಾದರೆ: ಸರ್ಕಾರದ ಕರಾರು ಸಂವಿಧಾನದ 299ನೇ ವಿಧಿಯ ರೀತಿಯಲ್ಲಿ ಲಿಖಿತವಾಗಿರಬೇಕು, ಬಾಯಿಮಾತಿನ ಕರಾರು ನಿಲ್ಲುವುದಿಲ್ಲ. ಆದರೆ ಕರಾರು ಕಾಯ್ದೆ 1872ರ ಕಲಂ 70 ಇದೆ. ಪುಕ್ಕಟೆಯಾಗಿ ಅಲ್ಲದೆ ಕಾನೂನುಬದ್ಧವಾಗಿ ಕೆಲಸ ಮಾಡಿಕೊಟ್ಟಿದ್ದರೆ, ಆಚೆಯವರು ಅದರ ಲಾಭ ಉಂಡಿದ್ದರೆ, ಅದರ ಬೆಲೆ ಕೊಡಬೇಕು. ಬಿ.ಕೆ. ಮೊಂಡಲ್ ಪ್ರಕರಣದಲ್ಲಿ ಪಶ್ಚಿಮ ಬಂಗಾಳ ಸರ್ಕಾರಕ್ಕೆ ಸುಪ್ರೀಂ ಕೋರ್ಟ್ ಹೇಳಿದ್ದು ಇದನ್ನೇ. ಹಾಗಾಗಿ ಆಗಸ್ಟ್, ಸೆಪ್ಟೆಂಬರ್‌ಗೆ ಕರಾರಿನ ಮೇಲೆ ಕೇಳಿ, ಉಳಿದ ಮೂರು ತಿಂಗಳಿಗೆ ಕಲಂ 70ರ ಮೇಲೆ. ಉಲ್ಲೇಖದ ಮೂರನೇ ಸಾಲು ಕೆಲಸ ನಡೆದದ್ದಕ್ಕೆ ಸಾಕ್ಷಿ. ಬಾಕಿ ಒಪ್ಪಿಕೊಂಡದ್ದಕ್ಕೆ ಅಲ್ಲ, ಅದನ್ನು ನೆಚ್ಚಿ ವಾಯಿದೆ ತಪ್ಪಿಸಿಕೊಳ್ಳಬೇಡಿ.

ದಾವೆ ಹಾಕುವುದಾದರೆ ಮೊದಲು ಸಿವಿಲ್ ಪ್ರಕ್ರಿಯಾ ಸಂಹಿತೆಯ (ಸಿಪಿಸಿ) ಕಲಂ 80ರ ನೋಟಿಸ್, ಎರಡು ತಿಂಗಳು ಕಾಯಬೇಕು. ಆ ಅವಧಿ ವಾಯಿದೆಯಲ್ಲಿ ಲೆಕ್ಕಕ್ಕೆ ಬರುವುದಿಲ್ಲ. ನೋಟಿಸಿಗೆ ಹೆದರಿಯೇ ಕೆಲವು ಬಿಲ್ ಪಾಸಾಗುತ್ತವೆ, ನೋಡಿದ್ದೇನೆ.

ಲೆಕ್ಕದ ಹುಡುಗ, ಸಿಂಧನೂರು
ಉದ್ಯಮ್ ನೋಂದಣಿ, ಅಂದ್ರ ಸಣ್ಣ ಉದ್ದಿಮೆ ಅಂತ ಸರ್ಕಾರದಾಗ ಹೆಸರು ಬರೆಸಿದ್ದು, ಅದ ಏನ್ರಿ? ಟೆಂಡರ್ ಮುಂಚಿನದ್ದಿದ್ರ ಕೋರ್ಟಿಗಿಂತ ಅದು ಛಲೋ. ಎಂಎಸ್‌ಎಂಇ ಕಾಯ್ದೆ 2006ರ ಪ್ರಕಾರ ಬಿಲ್ ಗಡುವು 45 ದಿನ ಮೀರಂಗಿಲ್ಲ. ಮೀರಿದ್ರ ರಿಸರ್ವ್ ಬ್ಯಾಂಕಿನ ಬ್ಯಾಂಕ್ ದರದ ಮೂರು ಪಟ್ಟು ಬಡ್ಡಿ, ಅದೂ ತಿಂಗಳ ಚಕ್ರಬಡ್ಡಿ. 2024ರ ಕೊನೆಗೆ ಬ್ಯಾಂಕ್ ದರ 6.75 ಇತ್ತು, ಅಂದ್ರ 20.25. ಆಮ್ಯಾಲ ದರ ಇಳಿದದ, ಆದ್ರೂ ನಿಮ್ಮ ಬಂಗಾರದ ಬಡ್ಡಿ ತೀರ್ತದ. ಎಂಎಸ್‌ಎಂಇ ಪೋರ್ಟಲ್‌ದಾಗ ಅರ್ಜಿ ಹಾಕಿದ್ರ ಬಾಕಿ ಜಗಳ ಬಗೆಹರಿಸೋ ಫೆಸಿಲಿಟೇಶನ್ ಕೌನ್ಸಿಲ್ ಮುಂದ ಹೋಗ್ತದ. ಕೌನ್ಸಿಲ್ ಆದೇಶ ಪ್ರಶ್ನೆ ಮಾಡಬೇಕಂದ್ರ ಕಚೇರಿ ಮೊದ್ಲು ಶೇ 75 ಠೇವಣಿ ಇಡಬೇಕು. ಕಾಯ್ದೆದಾಗ 90 ದಿನ ಅಂತ ಅದ, ನಂಬಬ್ಯಾಡ್ರಿ.

ಬಿಸಿಲೂರು ಏಜೆನ್ಸಿ
2022ರಾಗೇ ಮಾಡಿಸೀನಿ! ಬ್ಯಾಂಕ್ ಲೋನಿಗೆ ಬೇಕು ಅಂತ. ಇದಕ್ಕ ಬರ್ತದ ಅಂತ ಗೊತ್ತಿರ್ಲಿಲ್ಲ.

ಕರಿಕೋಟು ಕಲಬುರಗಿ
ಹಾಗಿದ್ದರೆ ಹಣಕ್ಕೆ ಅದೇ ದಾರಿ. ಕರಾರಿನಲ್ಲಿ ಮಧ್ಯಸ್ಥಿಕೆ ಷರತ್ತು ಇದ್ದರೂ ಈ ಕಾಯ್ದೆಯೇ ಮೇಲು ಎಂದು 2022ರಲ್ಲಿ ಮಹಾಕಾಳಿ ಫುಡ್ಸ್ ಪ್ರಕರಣದಲ್ಲಿ ತೀರ್ಮಾನವಾಗಿದೆ. ಆದೇಶವಿಲ್ಲದ ಮೂರು ತಿಂಗಳ ಬಗ್ಗೆ ಕಚೇರಿಯವರು ಅಲ್ಲಿಯೂ ತಕರಾರು ತೆಗೆಯುತ್ತಾರೆ, ಸಿದ್ಧರಾಗಿರಿ.

ರಾಯಚೂರು ಹುಲಿ
ಎಲ್ಲಾ ಪರ್ಸೆಂಟೇಜ್ ಕಥೆ. ಕೊಡೋದು ಕೊಟ್ಟಿದ್ರ ಎಲ್ಲಾ ಬಿಲ್ ಆಗಿರ್ತಿತ್ತು. ಆ ಸಾಹೇಬ್ರ ಹೆಸರು [ತೆಗೆಯಲಾಗಿದೆ] ಅಲ್ಲೇನು?

ನಿರ್ವಾಹಕ
ಹೆಸರು ತೆಗೆದಿದ್ದೇನೆ. ದಾಖಲೆ ಇದ್ದರೆ ಲೋಕಾಯುಕ್ತಕ್ಕೆ ಕೊಡಿ, ಇಲ್ಲಿ ಬೇಡ.

ನಿವೃತ್ತ ಗುಮಾಸ್ತ
ಏಜೆನ್ಸಿಯವರೇ, ಕೌನ್ಸಿಲ್‌ಗೆ ಹೋಗೋಕಿಂತ ಮೊದ್ಲು ಮಾಹಿತಿ ಹಕ್ಕಿನಾಗ ಆ ಐದು ತಿಂಗಳ ಹಾಜರಿ ದೃಢೀಕರಣದ ನಕಲು ತಗೊಳ್ರಿ. ಹತ್ತು ರೂಪಾಯಿ ಶುಲ್ಕ, ಒಂದೇ ವಿಷಯ, 150 ಪದ ಮೀರಬ್ಯಾಡ್ರಿ. ನಮ್ಮ ರಾಜ್ಯದ ನಿಯಮ ಹಂಗದ, ಮೀರಿದ್ರ ಅದೇ ನೆಪಕ್ಕ ವಾಪಸ್ ಕಳಸ್ತಾರ. ನಾನೂ ಕಳಿಸೀನಿ, ದೇವ್ರು ಕ್ಷಮಿಸ್ಲಿ.

ಬಿಸಿಲೂರು ಏಜೆನ್ಸಿ (ಎರಡು ತಿಂಗಳ ನಂತರ)
ಕೇಳಿದೋರಿಗೆಲ್ಲಾ ಉತ್ತರ. ಹಾಜರಿ ನಕಲು ಬಂದ್ವು, ಐದು ತಿಂಗಳದ್ದೂ. 28ನೇ ದಿನಕ್ಕ ಕೊಟ್ರು. ಡಿಸೆಂಬರ್ ಹಾಳಿ ಮ್ಯಾಲ ಶಾಖಾ ಮುಖ್ಯಸ್ಥರ ಹಸಿರು ಶಾಯಿ ಸಹಿ, ಕೆಳಗ "ಸೇವೆ ತೃಪ್ತಿಕರ" ಅಂತ ರಬ್ಬರ್ ಸ್ಟ್ಯಾಂಪ್. ತಾರೀಖು ಡಿಸೆಂಬರ್ 31. ಎರಡು ದಿನಕ್ಕ ಅದೇ ಸೇವೆ ಅತೃಪ್ತಿಕರ ಆಗ್ಯದ. ವಕೀಲರಿಗೆ ಫೋಟೊ ಕಳಿಸಿದ್ರ ಐದು ನಿಮಿಷ ನಕ್ರು.

ಕಪ್ಪು ಪಟ್ಟಿದು ಮಾತ್ರ ರಿಟ್ ಹಾಕೀವಿ, ನೋಟಿಸ್ ಆಗ್ಯದ. ಕೌನ್ಸಿಲ್‌ಗೆ ಅರ್ಜಿ ಹೋಗ್ಯದ. ಆಗಸ್ಟ್, ಸೆಪ್ಟೆಂಬರ್ ಬಿಲ್ ಬ್ಯಾರೆ ಕಡತ ಮಾಡಿ ಖಜಾನೆಗೆ ಕಳಿಸ್ಯಾರ ಅಂತ ಹೇಳಿದ್ರು, ಖಾತೆಗೆ ಬಿದ್ದ ಮ್ಯಾಲ ನಂಬ್ತೀನಿ.

ಹೆಂಡತಿ ಕಡೆಯವರ ಹತ್ರ ತಗೊಂಡು ನವೆಂಬರ್ ಪಿಎಫ್ ಕಟ್ಟೀನಿ, 1,42,500. ದಂಡದ ನೋಟಿಸ್ ಇನ್ನಾ ಬರಬೇಕು. ಅಕ್ಕಾರ, ಒಮ್ಮೆ ನೋಡ್ರಿ.

ಡೇಟಾ ಎಂಟ್ರಿ ಅಕ್ಕ
ಪಾಸ್‌ಬುಕ್ ನೋಡಿದೆ. ನವೆಂಬರ್ ಬಂದದ. ಡಿಸೆಂಬರ್ ಇನ್ನಾ ಖಾಲಿ ಅದ ಅಣ್ಣಾರ. ನಾವು 31 ಮಂದಿ ಸಹಿ ಹಾಕಿ ಲೇಬರ್ ಆಫೀಸಿಗೆ ಕೊಟ್ಟೀವಿ, ಏಳು ಮಂದಿ ಹಾಕಲಿಲ್ಲ.